ಹೆಸರು ಹೇಳದೆ ಒಳಗೆ ಬಂದವನು

ನಾನು ಟಿವಿಯಲ್ಲಿ ಬಂದವನು ಅಂದರೆ ನೀವು ನಂಬುವುದಿಲ್ಲ. ಬೇಕಾದರೆ ಅವಿನಾಶಿಗೆ ಹೋಗುವ ಬಸ್ಸಿನ ಕಂಡಕ್ಟರನನ್ನು ಕೇಳಿ. ನಮ್ಮದು ತಮಿಳು ಸೀಮೆಯ ಊರಾದರೂ, ಆರನೇ ವಯಸ್ಸಿಗೇ ನಮ್ಮ ನೇಕಾರರ ಬೀದಿಯ ಕನ್ನಡ ನಾಟಕದಲ್ಲಿ ಬಾಲಕೃಷ್ಣನಾಗಿದ್ದೆ. ಹದಿನೆಂಟಕ್ಕೆ ನನ್ನಂಥ ಭೀಮ ಅನ್ನೂರಿನವರೆಗೂ ಇರಲಿಲ್ಲ. ಮದರಾಸಿನವರು ತಮಿಳು ಧಾರಾವಾಹಿ ತೆಗೆಯಲು ಊರಿಗೆ ಬಂದಾಗ ನನಗೆ ಅಂಚೆಯವನ ಪಾತ್ರ ಸಿಕ್ಕಿತು. ಬೀದಿಗೆಲ್ಲ ಸಾರಿಬಿಟ್ಟೆ. "ಸಾರ್, ತಂತಿ ಬಂದಿದೆ" ಅನ್ನಬೇಕು, ಅಷ್ಟೇ.

ನಾನು ಬಾಗಿಲಲ್ಲಿ ಎದೆಯುಬ್ಬಿಸಿ ನಿಂತು, ನಾನು ಯಾರು, ಯಾವ ಊರಿನ ಅಂಚೆಯವನು, ಏಕೆ ಬಂದೆ ಎಂದೆಲ್ಲ ಗಟ್ಟಿಯಾಗಿ ಹೇಳಿ, ಆಮೇಲೆ ತಂತಿ ಕೊಟ್ಟೆ. ನಿರ್ದೇಶಕರು ನಿಲ್ಲಿಸಿದರು. ಮೂರು ಸಲ ತೆಗೆದರೂ ನನ್ನ ಬಾಯಿ ಕೇಳಲಿಲ್ಲ.

"ಯಾಕಪ್ಪಾ ತಂಬಿ, ನಿನ್ನ ಜಾತಕ ಯಾರು ಕೇಳಿದರು?"

"ನಮ್ಮ ನಾಟಕದಲ್ಲಿ ಬಂದವರೆಲ್ಲ ಮೊದಲು ಹೆಸರು ಹೇಳಬೇಕು ಸಾರ್. ಹೇಳದೆ ಒಳಗೆ ಬರೋನು ಕಳ್ಳ ಒಬ್ಬನೇ."

ಅವರು ನನ್ನ ಮೀಸೆಯನ್ನೇ ನೋಡಿ, ಖಾಕಿ ಅಂಗಿ ಬಿಚ್ಚು ಅಂದರು. ಅಮ್ಮನ ಸಮೇತ ಇಡೀ ಬೀದಿ ನೋಡುತ್ತಿತ್ತು. ನನ್ನ ಕಥೆ ಮುಗಿಯಿತು ಅಂದುಕೊಂಡೆ.

ಈಗ ನಾನು ಬಸ್ಸು ಹತ್ತಿದರೆ ಹೆಂಗಸರು ಸೆರಗಿನಿಂದ ಸರ ಮುಚ್ಚಿಕೊಳ್ಳುತ್ತಾರೆ, ಅಷ್ಟು ಚೆನ್ನಾಗಿ ಮಾಡಿದ್ದೆ. ಕೊನೆಗೆ ನನಗೆ ಕೊಟ್ಟದ್ದು ಕಳ್ಳನ ಪಾತ್ರ. ಹದಿಮೂರು ವಾರ, ಒಂದು ಮಾತೂ ಇಲ್ಲ.