ಎರಡು ಡಬ್ಬಗಳ ನಡುವೆ

ಗಿರಣಿಯ ಕಲ್ಲನ್ನು ಎಷ್ಟೇ ಬಡಿದರೂ ಒಳಗೆ ಒಂದು ಹಿಡಿ ಹಿಟ್ಟು ಉಳಿದೇ ಉಳಿಯುತ್ತದೆ. ಅದು ಮುಂದಿನವರ ಡಬ್ಬಕ್ಕೆ ಬೀಳುತ್ತದೆ. ಬೀದಿಯಲ್ಲಿ ಯಾರೂ ಅದನ್ನು ಮನಸ್ಸಿಗೆ ಹಚ್ಚಿಕೊಂಡಿರಲಿಲ್ಲ, ಗಿರಣಿಯಿದ್ದ ಕಟ್ಟಡದ ಮಾಲೀಕರಾದ ಅಣ್ಣತಮ್ಮಂದಿರ ಹೊರತು. ತಂದೆ ತೀರಿಕೊಂಡ ಮೇಲೆ ಪಾಲಿಗಾಗಿ ಕೋರ್ಟು ಹತ್ತಿದ್ದ ಅವರು ಮಹಡಿಯ ಎದುರುಬದುರು ಮನೆಗಳಲ್ಲಿದ್ದೂ ಒಬ್ಬರ ಮುಖ ಒಬ್ಬರು ನೋಡುತ್ತಿರಲಿಲ್ಲ. ತಮ್ಮ ಡಬ್ಬಕ್ಕೆ ಆಚೆ ಮನೆಯ ಹಿಟ್ಟು ಚಿಟಿಕೆಯಷ್ಟೂ ಬೀಳಕೂಡದೆಂದು ಇಬ್ಬರ ಮನೆಯವರದೂ ತಾಕೀತು. ಕೆಳಗೆ ಬಾಡಿಗೆಗಿದ್ದ ಗಿರಣಿಯಮ್ಮ ಅದಕ್ಕೇ ಆ ಓರಗಿತ್ತಿಯರ ಡಬ್ಬಗಳ ನಡುವೆ ಬೇರೆ ಯಾರದಾದರೂ ಡಬ್ಬವಿಟ್ಟು ಬೀಸುತ್ತಿದ್ದಳು.

ಒಂದು ದಿನ ನೂಕುನುಗ್ಗಲಿನಲ್ಲಿ ಮರೆತಳು. ಅಣ್ಣನ ಮನೆಯ ಗೋಧಿ ಮುಗಿದದ್ದೇ ತಮ್ಮನ ಮನೆಯದನ್ನು ಸುರಿದುಬಿಟ್ಟಳು. ತಮ್ಮನ ಹೆಂಡತಿ ಬಾಗಿಲಲ್ಲೇ ನಿಂತಿದ್ದಳು.

“ಬೇಕಂತಲೇ ಬೆರೆಸಿದ್ದೀರಿ! ನೀವು ಅವರ ಕಡೆಯೋರು ಅಂತ ನಂಗೆ ಮೊದಲಿಂದ್ಲೂ ಗುಮಾನಿ.”

“ಅಯ್ಯೋ ತಾಯಿ, ಕೈತಪ್ಪಿ ಆಯ್ತು. ಹಿಟ್ಟಿಗೇನು ನಿಮ್ಮ ಜಗಳ ಗೊತ್ತಾ?”

ಆ ಮಾತಿಗೆ ಅವಳ ಪಿತ್ತ ನೆತ್ತಿಗೇರಿತು. ಮರುದಿನ ತಮ್ಮ ಬಂದು ಗಿರಣಿಯ ಶಟರಿಗೆ ಬೀಗ ಜಡಿದ. ಇವನೊಬ್ಬನೇ ಯಜಮಾನನೋ ಎಂದು ಅಣ್ಣ ಅದರ ಪಕ್ಕದಲ್ಲೇ ಇನ್ನೊಂದು ಜಡಿದ. ಗಿರಣಿಯಮ್ಮ ಹತ್ತಿರ ಹೋದರೆ ಸಾಕು, ಇಬ್ಬರ ಕಡೆಯ ಆಳುಗಳೂ ದೊಣ್ಣೆ ಹಿಡಿದು ಇಳಿದು ಬರುತ್ತಿದ್ದರು. ಗಂಡ ಬಿಟ್ಟುಹೋದ ಆಸ್ತಿಯೆಂದರೆ ಆ ಯಂತ್ರವೊಂದೇ. ಅವಳ ಊಟ, ಹಾಸಿಗೆ ಹಿಡಿದ ಅತ್ತೆಯ ಔಷಧಿ, ಎಲ್ಲ ಅದು ತಿರುಗಿದರೆ ಉಂಟು, ಇಲ್ಲದಿದ್ದರೆ ಇಲ್ಲ.

ಠಾಣೆಯಲ್ಲಿ, “ಇದು ಸಿವಿಲ್ ವಿಷಯ ಅಮ್ಮಾ, ಕೋರ್ಟಿಗೆ ಹೋಗಿ” ಎಂದರು. ಅವಳ ಹಳೆಯ ಗಿರಾಕಿಯಾಗಿದ್ದ ವಕೀಲೆಯೊಬ್ಬಳು ಅರ್ಜಿ ಹಾಕಿದಳು: ಶಟರು ತೆರೆಯಲು ಅಪ್ಪಣೆ ಕೊಡಬೇಕು, ತೆರೆದ ಮೇಲೆ ಪೊಲೀಸರ ಕಾವಲು ಕೊಡಬೇಕು.

ಅಣ್ಣನ ವಕೀಲರು ಅವಳು ತಮ್ಮನ ಕಡೆ ಎಂದರು. ತಮ್ಮನ ವಕೀಲರು ಅಣ್ಣನ ಕಡೆ ಎಂದರು. ನ್ಯಾಯಾಧೀಶರು ಕನ್ನಡಕ ಕೆಳಗಿಟ್ಟರು.

“ಹಾಗಾದ್ರೆ ನೀವು ಯಾರ ಕಡೆ ಅಮ್ಮಾ?”

“ಸದ್ಯಕ್ಕೆ ಬೀಗದ ಹೊರಗಡೆ ಇದ್ದೀನಿ ಸ್ವಾಮಿ. ಒಳಗಡೆ ಹೋದ್ರೆ ಸಾಕು.”

ಪಾಲಿನ ದಾವೆ ಮುಗಿಯುವವರೆಗೆ ಗಿರಣಿಗೆ ಯಾರೂ ಅಡ್ಡಿಮಾಡಕೂಡದು, ತಿಂಗಳ ಮಟ್ಟಿಗೆ ಪೊಲೀಸ್ ಕಾವಲಿರಲಿ ಎಂದು ಆಜ್ಞೆಯಾಯಿತು.

ಬೀಗ ತೆಗೆಸಿದ್ದಾಯಿತು. ಪೇದೆಯೊಬ್ಬ ಬಾಗಿಲಲ್ಲಿ ಸ್ಟೂಲು ಹಾಕಿಕೊಂಡು ಲಾಠಿ ಹಿಡಿದು ಕೂತ. ಗಿರಾಕಿಗಳು ದೂರದಿಂದಲೇ ಇಣುಕಿ, ಗಿರಣಿಗೆ ಸೀಲು ಬಿದ್ದಿದೆಯೆಂದು ಡಬ್ಬ ಹೊತ್ತು ಹಿಂದಿರುಗಿದರು.

“ಸಾಹೇಬ್ರೇ, ಕಾಪಾಡೋಕೆ ಬಂದು ನನ್ನ ವ್ಯಾಪಾರಕ್ಕೇ ಮಂಗಳ ಹಾಡ್ತೀರಿ. ಒಳಗೆ ಬಂದು ಕೂತ್ಕೊಳ್ಳಿ!”

ಒಳಗೆ ಕೂತ ಪೇದೆ ಸ್ವಲ್ಪ ಹೊತ್ತಿನಲ್ಲೇ ಮೀಸೆಯಿಂದ ಬೂಟಿನವರೆಗೆ ಬೆಳ್ಳಗಾದ. ಅವನನ್ನು ನೋಡಲೆಂದೇ ಜನ ಬಂದರು. ಬಂದವರು ಬರಿಗೈಲಿ ಬರಲಿಲ್ಲ.

ದೂರದ ಗಿರಣಿಗೆ ಗೋಧಿ ಹೊತ್ತು ಸಾಕಾಗಿದ್ದ ಓರಗಿತ್ತಿಯರೂ ಒಂದು ಮಧ್ಯಾಹ್ನ ಇಳಿದು ಬಂದರು. ಅಣ್ಣನ ಹೆಂಡತಿಯ ಡಬ್ಬ, ಅದರ ಹಿಂದೆಯೇ ತಮ್ಮನ ಹೆಂಡತಿಯದು. ನಡುವೆ ಇಡಲು ಬೇರೆ ಡಬ್ಬವೇ ಇರಲಿಲ್ಲ. ಗಿರಣಿಯಮ್ಮ ಅಣ್ಣನ ಮನೆಯದು ಮುಗಿದೊಡನೆ ಯಂತ್ರ ನಿಲ್ಲಿಸಿ ಪೇದೆಗೆ ವಿಷಯ ಹೇಳಿದಳು.

ಪೇದೆ ಎದ್ದು ಹೋಗಿ ತನ್ನ ಸೈಕಲ್ಲಿನಿಂದ ಒಂದು ಚೀಲ ಗೋಧಿ ತಂದ. “ಹೇಗಿದ್ರೂ ಗಿರಣೀಲಿ ಕೂರ್ತೀರಲ್ಲ ಅಂತ ನನ್ನ ಹೆಂಡ್ತಿ ಕೊಟ್ಟು ಕಳಿಸಿದ್ಲು. ಇದನ್ನ ನಡುವೆ ಹಾಕಿ. ನಿಮ್ಮ ಹಿಡಿ ಹಿಟ್ಟು ಇನ್ನು ಪೊಲೀಸರ ವಶ, ಅಕ್ಕಾ!”

ಅಣ್ಣನ ಹೆಂಡತಿ ನಗು ತಡೆಯಲು ಕೆಮ್ಮಿದಳು. ತಮ್ಮನ ಹೆಂಡತಿ ಗೋಡೆಗೆ ಮುಖ ತಿರುಗಿಸಿದಳು, ಆದರೆ ಭುಜ ಕುಲುಕುತ್ತಿತ್ತು.

ತಿಂಗಳಿಡೀ ಹಾಗೆಯೇ ನಡೆಯಿತು. ಅವಧಿ ಮುಗಿದು ಪೇದೆ ಬರದ ದಿನ ಗಿರಣಿಯಮ್ಮ ಜೀವ ಕೈಯಲ್ಲಿ ಹಿಡಿದೇ ಶಟರು ಎತ್ತಿದಳು. ಅಣ್ಣ ಇಳಿದು ಬಂದ, ಒಮ್ಮೆ ಇತ್ತ ನೋಡಿ ಹೋದ. ತಮ್ಮ ನೋಡಲೂ ಇಲ್ಲ. ಆಮೇಲೆ ಓರಗಿತ್ತಿಯರ ಡಬ್ಬ ಬಂದವು, ಒಂದರ ಪಕ್ಕ ಒಂದು.

“ನಿಮ್ಮ ಪೊಲೀಸಪ್ಪ ಇಲ್ವಾ?” ಎಂದಳು ಅಣ್ಣನ ಹೆಂಡತಿ.

“ಇಲ್ಲಮ್ಮ. ಬೇರೆ ಯಾರಾದ್ರೂ ಬರೋವರೆಗೂ ಕಾಯೋಣ.”

“ಒಲೆ ಹೊತ್ತಿಸಬೇಕು, ಎಲ್ಲಿ ಕಾಯೋದು?” ಎಂದು ತಮ್ಮನ ಹೆಂಡತಿ ತನ್ನ ಡಬ್ಬವನ್ನು ಮುಂದಕ್ಕೆ ತಳ್ಳಿದಳು. “ಇವತ್ತು ನಂದು ಮೊದಲು ಹಾಕಿ. ಅವತ್ತು ಅವರ ಒಂದು ಹಿಡಿ ನಮಗೆ ಬಂದಿತ್ತಲ್ಲ, ಇವತ್ತು ನಮ್ಮದು ಅವರಿಗೆ ಹೋಗ್ಲಿ. ಸರಿಗೆ ಸರಿ ಆಯ್ತು.”

ಅಣ್ಣನ ಹೆಂಡತಿ ಕ್ಷಣ ಯೋಚಿಸಿದಳು. “ಅದೂ ಸರಿನೇ ಬಿಡು.”

ಗಿರಣಿಯಮ್ಮ ಗೋಧಿ ಸುರಿದಳು. ಬೆಚ್ಚನೆಯ ಹಿಟ್ಟು ಇಳಿಯತೊಡಗಿದಾಗ ಎಂದಿನಂತೆ ಹೆಬ್ಬೆರಳು ತೋರುಬೆರಳ ನಡುವೆ ತಿಕ್ಕಿ ನೋಡಿದಳು. ನಯವಾಗಿತ್ತು.

ಮೇಲಿನವರ ದಾವೆ ಇನ್ನೂ ನಡೆಯುತ್ತಲೇ ಇತ್ತು, ನಡೆಯಲಿ. ಸಂಜೆ ಅವಳು ಶಟರು ಎಳೆದು ಬೀಗ ಹಾಕಿದಳು. ತನ್ನದು, ಒಂದೇ ಬೀಗ. ಒಮ್ಮೆ ಜಗ್ಗಿ ನೋಡಿ, ಕೀಲಿಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು, ಅತ್ತೆಯ ಔಷಧಿ ಕೊಳ್ಳಲು ಹೊರಟಳು.