ಲಗತ್ತು ಇಲ್ಲವೆಂದು ಓದಿದವರು

ಕದಳೀಪುರದ ದಂಡಾಧಿಕಾರಿಗಳ ನ್ಯಾಯಾಲಯದಲ್ಲಿ ಮೂವತ್ತೊಂದು ವರ್ಷ ದುಡಿದು ಈ ವೈಶಾಖದಲ್ಲಿ ನಿವೃತ್ತರಾದ ಪೇಷ್ಕಾರ ಶ್ರೀಮತಿ ಸುಕಾಂತಿ ಮಹಾರಣಾ ಅವರನ್ನು ಒಡಿಶಾ ಕರಾವಳಿಯ ಕೋರ್ಟುಗಳಲ್ಲಿ ಅರಿಯದವರು ಕಡಿಮೆ. ಪೀಠದ ಕೆಳಗೆ ಕುಳಿತು ಪ್ರಕರಣ ಕೂಗಿಸುವುದು, ಕಡತ ಒದಗಿಸುವುದು, ಮುಂದಿನ ತಾರೀಖು ಬರೆಯುವುದು ಪೇಷ್ಕಾರರ ಕೆಲಸ. ಅನುಮಾನದ ಸಾವೊಂದರ ತನಿಖೆ ಠಾಣೆಯಲ್ಲೇ ನಿಂತುಹೋದರೆ ಅದನ್ನು ಮುಂದಕ್ಕೆ ಸಾಗಿಸುವ ಅಧಿಕಾರ ನ್ಯಾಯಾಧೀಶರದು; ಅದು ನಿಂತಿದೆಯೆಂದು ಅವರ ಕಣ್ಣಿಗೆ ಬೀಳಬೇಕಾದರೆ ಕೆಳಗಿನ ಮೇಜು ಎಚ್ಚರವಾಗಿರಬೇಕು.

ನಕಲುಗಾರ್ತಿಯಾಗಿ ಸೇರಿದ, ಎಲ್ಲರೂ ಅಪಾ, ಅಂದರೆ ಅಕ್ಕ, ಎಂದು ಕರೆಯುವ ಸುಕಾಂತಿ ದಾಖಲೆ ಕೋಣೆಯ ಧೂಳಿನಲ್ಲಿ ಹನ್ನೆರಡು ವರ್ಷ ಕಳೆದು ಆ ಮೇಜಿಗೆ ಬಂದರು. ಓದು ಬಾರದ ಹೆಂಗಸರಿಗೆ ಮುಂದಿನ ತಾರೀಖನ್ನು ಬಸ್ ಟಿಕೆಟ್ಟಿನ ಹಿಂದೆ ಬರೆದುಕೊಡುತ್ತಿದ್ದರು. ಮಧ್ಯಾಹ್ನ ತಮ್ಮ ಪಖಾಳದ, ಎಂದರೆ ನೀರಲ್ಲಿ ನೆನೆಸಿದ ಅನ್ನದ, ಡಬ್ಬಿ ಬಿಚ್ಚಿದರೆ ಇನ್ನೊಬ್ಬರಿಗೆ ಪಾಲು ಇದ್ದೇ ಇರುತ್ತಿತ್ತು.

ಎಂಟು ವರ್ಷದ ಹಿಂದೆ ಮಂಡಕ್ಕಿ ಹುರಿದು ಮಾರುವ ಕೇತಕಿ ಸೇಠಿಯವರ ಮಗಳು ಝುನು ಗಂಡನ ಮನೆಯ ಕೊಳದಲ್ಲಿ ಹೆಣವಾಗಿ ಸಿಕ್ಕಳು. ಪೊಲೀಸರು ಕಾಲು ಜಾರಿದ್ದು ಎಂದರು. ಮಗಳು ಹೇಗೆ ಸತ್ತಳೆಂದು ತಿಳಿಯಬೇಕೆಂದು ತಾಯಿ ಅರ್ಜಿ ಕೊಟ್ಟರು. ತಿಂಗಳಿಗೊಂದು ಪ್ರಗತಿ ವರದಿ ಸಲ್ಲಿಸಲು ನ್ಯಾಯಾಲಯ ಆದೇಶಿಸಿತು. ಮೂರು ತಿಂಗಳೂ ಬಂದದ್ದು ಒಂದೇ ವರದಿ: ಹೆಣದ ಹೊಟ್ಟೆಯಿಂದ ತೆಗೆದ ಮಾದರಿ ಪರೀಕ್ಷೆಗೆಂದು ಪ್ರಯೋಗಾಲಯಕ್ಕೆ ಹೋಗಿದೆ, ಕಾಲಾವಕಾಶ ಬೇಕು. ಅಂಥ ವರದಿಗಳನ್ನು ಯಾರೂ ಓದದೆ ಮುದ್ರೆ ಒತ್ತಿ, ಒಳಕೋಣೆಯಲ್ಲಿ ಸಹಿ ಪಡೆದು, ತಾರೀಖು ಹಾಕುವುದು ರೂಢಿ. ಅಪಾ ಕೂಡ ಹಾಗೆಯೇ ಮಾಡಿದರು. ಇದನ್ನು ಮುಚ್ಚಿಡದೆ ಬರೆಯಬೇಕೆಂದು ಹೇಳಿದವರೂ ಅವರೇ.

ನಾಲ್ಕನೆಯ ಸಲವೂ ಅದೇ ವರದಿ ಬಂದಾಗ ಕೇತಕಿ ಮೇಜಿನ ಹತ್ತಿರ ಬಂದು ಕೇಳಿದರು: "ಅಪಾ, ಪೋಸ್ಟಲ್ಲಿ ಒಂದು ಸೀರೆ ಕಳಿಸಿದ್ರೂ ಚೀಟಿ ಕೊಡ್ತಾರೆ. ನನ್ ಮಗಳ ಹೊಟ್ಟೆಯಿಂದ ತೆಗೆದಿದ್ದಕ್ಕೆ ಚೀಟಿ ಇಲ್ವಾ?"

ಅಪಾ ಕಡತ ತಿರುವಿದರು. ಪ್ರಯೋಗಾಲಯದ ರಶೀದಿ ಎಲ್ಲಿಯೂ ಇರಲಿಲ್ಲ. ಆ ಕಡತವನ್ನು ಅವರು ಒಳಕೋಣೆಗೆ ಕಳಿಸಲಿಲ್ಲ. ಜಾಮೀನು ಅರ್ಜಿಗಳಿಗಿಂತ ಮೊದಲೇ ತೆರೆದ ನ್ಯಾಯಾಲಯದಲ್ಲಿ ಕೂಗಿಸಿ, ನಾಲ್ಕೂ ವರದಿಗಳನ್ನು ಓದಲು ಅನುಮತಿ ಕೇಳಿದರು. ಪ್ರತಿಯೊಂದರ ಕೊನೆಗೂ ಅದೇ ದನಿಯಲ್ಲಿ "ಲಗತ್ತು, ಇಲ್ಲ" ಎಂದು ಓದಿದರು.

"ಲ್ಯಾಬಲ್ಲಿ ತುಂಬ ಕೆಲಸ ಸ್ವಾಮಿ," ಎಂದರು ಠಾಣಾಧಿಕಾರಿ.

"ಎಷ್ಟೇ ಕೆಲಸ ಇದ್ರೂ ತಗೊಂಡೋನು ರಶೀದಿ ಕೊಡ್ತಾನಲ್ಲಪ್ಪ?" ನ್ಯಾಯಾಧೀಶರು ರಶೀದಿ ತರಲು ಒಂದು ವಾರದ ಗಡುವು ಕೊಟ್ಟರು.

ಹೊರಗೆ ಠಾಣಾಧಿಕಾರಿ ನಕ್ಕರು. "ಏನ್ ಅಪಾ, ಪೇಷ್ಕಾರಿಕೆ ಬಿಟ್ಟು ವಕೀಲಿಕೆ ಶುರು ಮಾಡಿದ್ರಾ?"

"ನಾನೇನ್ ಹೇಳ್ದೆ? ನೀವು ಬರೆದಿದ್ನೇ ಓದ್ದೆ."

ಹುಡುಕಿದಾಗ ಮಾದರಿ ತುಂಬಿದ್ದ ಜಾಡಿಯು ಠಾಣೆಯ ಉಗ್ರಾಣದಲ್ಲೇ, ಜಪ್ತಿ ಸೈಕಲ್ಲುಗಳ ಹಿಂದೆ, ಮುಚ್ಚಳ ಬಿರಿದು ಬಿದ್ದಿತ್ತು. ಆಮೇಲೆ ಕಳಿಸಿಕೊಟ್ಟರೆ, ಮಾದರಿ ಕೆಟ್ಟಿದೆ, ಏನೂ ಹೇಳಲಾಗದು ಎಂದು ಪ್ರಯೋಗಾಲಯ ಬರೆಯಿತು. ಅಂದು ಅಪಾ ಕೇತಕಿಯವರ ಎದುರು ನಿಂತು, ಚಿಕ್ಕಮ್ಮನನ್ನು ಕರೆಯುವಂತೆ ಮಾವುಸಿ ಎಂದು ಕರೆದರು.

"ಮಾವುಸಿ, ನಂದೂ ತಪ್ಪಿದೆ. ಮೂರು ಸಲ ಮುದ್ರೆ ಒತ್ತಿದ್ದು ನಾನೇ."

"ಗೊತ್ತು. ನೋಡ್ತಾನೇ ಇದ್ದೆ. ಈಗ ಏನ್ ಮಾಡ್ತೀರಾ, ಅದು ಹೇಳಿ."

ಅಪಾ ಮಾಡಿದ್ದು ತಮ್ಮ ಕೆಲಸವನ್ನೇ. ನ್ಯಾಯಾಧೀಶರು ತನಿಖೆಯನ್ನು ಪೊಲೀಸ್ ಮೇಲಧಿಕಾರಿಗೆ ಒಪ್ಪಿಸಿದ ಮೇಲೆ ಹದಿನೈದು ದಿನಕ್ಕೊಮ್ಮೆ ಆ ಕಡತ ಮೊದಲು ಬಂತು, ಲಗತ್ತಿನ ಸಮೇತ ಗಟ್ಟಿಯಾಗಿ ಓದಲ್ಪಟ್ಟಿತು. ಮರಣೋತ್ತರ ವರದಿಯಲ್ಲಿ ವೈದ್ಯರು ಕತ್ತಿನ ಗುರುತುಗಳ ಬಗ್ಗೆ ಬರೆದಿದ್ದ ಎರಡು ಸಾಲು ಮೊದಲ ಬಾರಿಗೆ ಕೇಳಿಸಿದ್ದು ಆಗ. ಹನ್ನೊಂದು ತಿಂಗಳಿಗೆ ಗಂಡನ ಮೇಲೆ ಕೊಲೆಯ ದೋಷಾರೋಪ ಪಟ್ಟಿ ಸಲ್ಲಿಕೆಯಾಯಿತು. ಅಂದಿನಿಂದ ಆ ನ್ಯಾಯಾಲಯದಲ್ಲಿ ಸಾವಿನ ವರದಿಗಳನ್ನು ಮನೆಯವರ ಎದುರಿಗೇ ಓದುತ್ತಾರೆ. ನಿಂತಿದ್ದ ಇನ್ನೂ ಹತ್ತೊಂಬತ್ತು ಕಡತಗಳು ಹೀಗೆ ನಡೆದವು.

ಝುನುವಿನ ಮೊಕದ್ದಮೆ ಸೆಷನ್ಸ್ ನ್ಯಾಯಾಲಯದಲ್ಲಿ ಇನ್ನೂ ನಡೆಯುತ್ತಿದೆ. ನಿವೃತ್ತಿಯ ಮರುವಾರವೇ ಅಪಾ ಸಾರ್ವಜನಿಕರ ಸಾಲಿನಲ್ಲಿ ಕೇತಕಿಯವರ ಪಕ್ಕ ಕುಳಿತು, ಏನು ನಡೆಯುತ್ತಿದೆಯೆಂದು ಕಿವಿಯಲ್ಲಿ ಹೇಳುತ್ತಿದ್ದರು. ತೀರ್ಪಿನ ದಿನದವರೆಗೂ, ಅದರಾಚೆಯೂ, ಜಗನ್ನಾಥನು ಅವರ ಕಣ್ಣು, ಮೊಣಕಾಲು, ದನಿ ಮೂರನ್ನೂ ಗಟ್ಟಿಯಾಗಿ ಇಟ್ಟಿರಲಿ; ಆ ಸಾಲಿನಲ್ಲಿ ಇನ್ನೂ ಹಲವು ತಾಯಂದಿರು ಒಬ್ಬರೇ ಕುಳಿತಿದ್ದಾರೆ.