ಒಂಬತ್ತನೇ ಕಾಲಮಿನಲ್ಲಿ ನಾನು ಟೈಪ್ ಮಾಡಿದ್ದು

ಆ ವರ್ಷದ ಬೇಸಿಗೆಯಲ್ಲಿ ತಮಿಳುನಾಡಿನ ಚುನಾವಣಾ ಸಭೆಯೊಂದರಲ್ಲಿ ಮಾಜಿ ಪ್ರಧಾನಿಯನ್ನು ಬಾಂಬ್ ಸಿಡಿಸಿ ಕೊಂದರು. ಕೊಂದ ಲಂಕೆಯ ತಮಿಳು ಉಗ್ರರ ಕಡೆಯವರು ಬೆಂಗಳೂರಿನ ಸುತ್ತಮುತ್ತ ಬಾಡಿಗೆ ಮನೆ ಹಿಡಿದು ಅಡಗಿದ್ದಾರೆಂದು ಮಳೆಗಾಲದ ಹೊತ್ತಿಗೆ ಪತ್ರಿಕೆಗಳೆಲ್ಲ ಬರೆಯತೊಡಗಿದವು. ನಮ್ಮ ದೊಡ್ಡಬಳ್ಳಾಪುರದಲ್ಲಿ ಅಲ್ಲಿಯತನಕ ಯಾರೂ ಬಾಡಿಗೆದಾರರ ಊರು ಯಾವುದೆಂದು ಕೇಳುತ್ತಿರಲಿಲ್ಲ. ಮಗ್ಗ ನಡೆಸಲು ಬಂದವನಿಗೆ ಕೈ ಬರುತ್ತದೆಯೇ ಎಂದಷ್ಟೇ ನೋಡುತ್ತಿದ್ದರು. ಈಗ ಇದ್ದಕ್ಕಿದ್ದಂತೆ ನಾಲಿಗೆಯ ಮೇಲೆ ಎಲ್ಲರ ಕಣ್ಣೂ ಬಿತ್ತು. ತಮಿಳು ಮಾತಾಡುವವನೆಂದರೆ ಸಂತೆಯಲ್ಲಿ ಕೂಡ ಜನ ಒಂದು ಮಾರು ದೂರ ನಿಲ್ಲುತ್ತಿದ್ದರು.

ನನಗಾಗ ಇಪ್ಪತ್ತನಾಲ್ಕು. ಪೊಲೀಸ್ ಠಾಣೆಯ ಎದುರು ಸಾಲಿನಲ್ಲಿದ್ದ ಟೈಪಿಂಗ್ ಇನ್‌ಸ್ಟಿಟ್ಯೂಟಿನಲ್ಲಿ ಕಲಿಸುತ್ತಿದ್ದೆ, ಬಿಡುವಿನಲ್ಲಿ ಜನರ ಅರ್ಜಿ ಟೈಪ್ ಮಾಡಿಕೊಡುತ್ತಿದ್ದೆ. ಮನೆಯಲ್ಲಿ ಅಪ್ಪನ ನಾಲ್ಕು ಪವರ್ ಲೂಮ್ ಮಗ್ಗಗಳಿದ್ದವು. ಅಮ್ಮ ತೀರಿಕೊಂಡು ಆರು ವರ್ಷವಾಗಿತ್ತು. ಹಿತ್ತಿಲ ಕಡೆಯ ಎರಡು ಕೋಣೆಗಳನ್ನು ತಮಿಳುನಾಡಿನ ಆರಣಿ ಕಡೆಯಿಂದ ಬಂದಿದ್ದ ಗಂಡಹೆಂಡಿರಿಗೆ ಬಾಡಿಗೆಗೆ ಕೊಟ್ಟಿದ್ದೆವು. ಅವನು ಕಾರ್ಡ್ ಹೊಡೆಯುವವನು. ಸೀರೆಯ ಅಂಚಿನ ಹೂವು ಹಕ್ಕಿಗಳನ್ನೆಲ್ಲ ಮೊದಲು ಚೌಕುಳಿ ಹಾಳೆಯ ಮೇಲೆ ಚುಕ್ಕೆ ಚುಕ್ಕೆಯಾಗಿ ಬರೆದು, ಆಮೇಲೆ ದಪ್ಪ ರಟ್ಟಿನ ಪಟ್ಟಿಗಳಲ್ಲಿ ಅದರಂತೆ ತೂತು ಹೊಡೆಯಬೇಕು. ಆ ಪಟ್ಟಿಗಳು ಮಗ್ಗದ ತಲೆಯ ಮೇಲೆ ಸುತ್ತುತ್ತಾ ಹೋದಂತೆ ಕೆಳಗೆ ಸೀರೆಯಲ್ಲಿ ಹಕ್ಕಿ ಮೂಡುತ್ತದೆ. ಒಂದು ತೂತು ತಪ್ಪಿದರೆ ಹಕ್ಕಿಗೆ ಕುಂಟು ಕಾಲು. ಅವನು ಹೊಡೆದ ಕಾರ್ಡಿನಲ್ಲಿ ಕುಂಟು ಹಕ್ಕಿಯನ್ನು ನಾನು ನೋಡಿರಲಿಲ್ಲ.

ಅವನ ಹೆಂಡತಿ ನನಗಿಂತ ಎರಡು ವರ್ಷ ಚಿಕ್ಕವಳು. ನನ್ನನ್ನು ಅಕ್ಕಾ ಎನ್ನುತ್ತಿದ್ದಳು. ಕನ್ನಡ ಕಲಿಯುವ ಹುರುಪಿನಲ್ಲಿ ದನಕ್ಕೂ ಬಹುವಚನ ಹಚ್ಚಿ "ಹಸು ಬಂದ್ರು" ಎನ್ನುತ್ತಿದ್ದಳು. ನಾವಿಬ್ಬರೂ ನೀರಿನ ತೊಟ್ಟಿಯ ಹತ್ತಿರ ಬಟ್ಟೆ ಒಗೆಯುತ್ತಾ ನಕ್ಕಷ್ಟು ನಾನು ಆ ಮನೆಯಲ್ಲಿ ಬೇರೆ ಯಾರೊಂದಿಗೂ ನಕ್ಕಿಲ್ಲ.

ಅಪ್ಪನಿಗೆ ಅವನ ಮೇಲೆ ಕೋಪ ಬಂದದ್ದು ಒಂದು ಹಂಸದ ಡಿಸೈನಿಗಾಗಿ. ತನಗೆ ಹೊಡೆದುಕೊಟ್ಟ ಹಂಸದ ಅಂಚನ್ನು ಇನ್ನೊಬ್ಬರಿಗೆ ಕೊಡಬಾರದೆಂದು ಅಪ್ಪ ಹೇಳಿದ್ದರು. ಅವನು ಅದೇ ಬೀದಿಯ ಇನ್ನೊಬ್ಬ ಮಗ್ಗದ ಯಜಮಾನರಿಗೂ ಹಂಸ ಹೊಡೆದುಕೊಟ್ಟ. ಕತ್ತು ಬೇರೆ, ರೆಕ್ಕೆ ಬೇರೆ, ಅದು ಬೇರೆಯದೇ ಹಂಸ. ಅಪ್ಪನಿಗೆ ಅದೆಲ್ಲ ಬೇಕಿರಲಿಲ್ಲ.

"ಅನ್ನ ಹಾಕ್ದ ಮನೆಗೇ ಕಣ್ಣು ಹಾಕ್ತೀಯೇನೋ?" ಎಂದು ಹಿತ್ತಿಲಲ್ಲಿ ನಿಂತು ಕೂಗಾಡಿದರು.

"ಯಜಮಾನ್ರೇ, ಅನ್ನ ನಾನು ದುಡಿದು ತಿಂತೀನಿ. ಹಂಸ ಯಾರಪ್ಪನ ಮನೇದೂ ಅಲ್ಲ" ಎಂದ ಅವನು. ಮೆತ್ತಗೇ ಹೇಳಿದ. ಆದರೆ ಮಗ್ಗದ ಆಳುಗಳೆಲ್ಲ ಕೇಳಿಸಿಕೊಂಡರು. ಅಪ್ಪ ಅದನ್ನು ಮರೆಯಲಿಲ್ಲ.

ಅದಾಗಿ ತಿಂಗಳೊಳಗೆ ಠಾಣೆಯಿಂದ ಹುಕುಂ ಬಂತು. ಬಾಡಿಗೆಗೆ ಕೊಟ್ಟವರೆಲ್ಲ ತಮ್ಮ ಬಾಡಿಗೆದಾರರ ವಿವರ ಬರೆದು ಸಹಿ ಹಾಕಿ ಕೊಡಬೇಕು. ಹೆಸರು, ಊರು, ಮಾತೃಭಾಷೆ, ಯಾವಾಗಿಂದ ಇದ್ದಾರೆ, ಯಾರು ಬಂದುಹೋಗುತ್ತಾರೆ ಎಂದು ಸಾಲಾಗಿ ಕಾಲಂಗಳು. ಒಂಬತ್ತನೆಯದು, 'ಬಾಡಿಗೆದಾರನ ನಡತೆಯ ಬಗ್ಗೆ ಮಾಲೀಕರ ಅಭಿಪ್ರಾಯ'. ಊರಿನ ಅರ್ಧ ಜನ ನಮ್ಮ ಇನ್‌ಸ್ಟಿಟ್ಯೂಟಿಗೇ ಬಂದರು. ನಾನು ಕಾರ್ಬನ್ ಇಟ್ಟು ಮೂರು ಮೂರು ಪ್ರತಿ ಹೊಡೆದೆ. ಒಂಬತ್ತನೆಯದಕ್ಕೆ ಎಲ್ಲರೂ 'ಸಮಾಧಾನಕರ' ಎಂದು ಬರೆಸುತ್ತಿದ್ದರು. ಬೆರಳಿಗೆ ಆ ಪದ ಎಷ್ಟು ರೂಢಿಯಾಗಿತ್ತೆಂದರೆ ಕೇಳದೆಯೇ ಹೊಡೆದುಬಿಡುತ್ತಿದ್ದೆ.

ಕೊನೆಗೆ ಅಪ್ಪ ಬಂದು ಬೆಂಚಿನ ಮೇಲೆ ಕೂತರು. ಎಂಟು ಕಾಲಂ ಮುಗಿಯಿತು.

"ಒಂಬತ್ತಕ್ಕೆ ಏನ್ ಹೊಡೀಲಿ?"

"ಅನುಮಾನ ಇದೆ ಅಂತ ಹೊಡಿ. ಪರದೇಶದಿಂದ ಕಾಗದ ಬರ್ತವೆ, ಅದೇನೋ ಚುಕ್ಕೆ ಲೆಕ್ಕ ಬರ್ಕೊಂಡು ಕೂತಿರ್ತಾನೆ ಅಂತ ಹೊಡಿ."

"ಅಪ್ಪಾ, ಕಾಗದ ಅವಳ ತಮ್ಮ ದುಬೈಯಿಂದ ಬರೆಯೋದು. ಚುಕ್ಕೆ ನಮ್ಮ ಸೀರೆ ಡಿಸೈನು."

"ನಂಗೊತ್ತಿಲ್ವಾ? ಒಂದ್ಸಲ ಪೊಲೀಸ್ನೋರು ಕರ್ದು ಗದರ್ಸಿದ್ರೆ ಖಾಲಿ ಮಾಡ್ಕೊಂಡು ಹೋಗ್ತಾನೆ. ಅಷ್ಟೇ. ಹೊಡಿ."

ನಾನು ಹೊಡೆದೆ. ಹಟ ಮಾಡಬಹುದಿತ್ತು, ರಿಬ್ಬನ್ ಕೆಟ್ಟಿದೆ ಎನ್ನಬಹುದಿತ್ತು. ಸುತ್ತ ಜನ ನಿಂತಿದ್ದರು, ಅಪ್ಪನ ಮರ್ಯಾದೆ ಅಂದುಕೊಂಡೆ. 'ನಡತೆ ಅನುಮಾನಾಸ್ಪದ. ವಿದೇಶದಿಂದ ಪತ್ರಗಳು ಬರುತ್ತವೆ. ಗುಪ್ತವಾಗಿ ಅಂಕಿ ಚುಕ್ಕೆಗಳನ್ನು ಬರೆಯುತ್ತಾನೆ.' 'ಗುಪ್ತವಾಗಿ' ಎಂಬ ಮಾತನ್ನು ಅಪ್ಪ ಹೇಳಿರಲಿಲ್ಲ. ಅರ್ಜಿ ಹೊಡೆದು ಹೊಡೆದು ಬಂದಿದ್ದ ಕಚೇರಿ ಭಾಷೆಯ ಚಪಲಕ್ಕೆ ಅದನ್ನು ಸೇರಿಸಿದವಳು ನಾನು.

ಗದರಿಸಲು ಯಾರೂ ಬರಲಿಲ್ಲ. ಮೂರನೇ ದಿನ ಬೆಳಗ್ಗೆ ಹನ್ನೊಂದರ ಹೊತ್ತಿಗೆ ಎರಡು ಜೀಪು ಬಂದವು. ಬಂದವರು ನಮ್ಮ ಠಾಣೆಯವರಲ್ಲ, ಬೆಂಗಳೂರಿನಿಂದ ಬಂದ ವಿಶೇಷ ತಂಡದವರು. ನಮ್ಮೂರಿನ ಒಬ್ಬ ಪೇದೆ ಮಾತ್ರ ದಾರಿ ತೋರಿಸಲು ಜೊತೆಗಿದ್ದರು. ಮಗ್ಗಗಳು ನಿಂತವು. ಹಿತ್ತಿಲ ಕೋಣೆಯಿಂದ ಚೌಕುಳಿ ಹಾಳೆಗಳನ್ನೂ ತೂತು ಹೊಡೆದ ರಟ್ಟುಗಳನ್ನೂ ದುಬೈ ಕಾಗದಗಳನ್ನೂ ಗೋಣಿಚೀಲಕ್ಕೆ ತುಂಬಿದರು. ಒಬ್ಬ ರಟ್ಟನ್ನು ಬಿಸಿಲಿಗೆ ಹಿಡಿದು ತೂತುಗಳನ್ನು ಎಣಿಸುತ್ತಿದ್ದ. ಪೇದೆಯ ಮನೆಯಲ್ಲೇ ಎರಡು ಮಗ್ಗಗಳಿದ್ದವು. ಅದೇನೆಂದು ಅವರಿಗೆ ನನ್ನಷ್ಟೇ ಚೆನ್ನಾಗಿ ಗೊತ್ತಿತ್ತು. ಅವರು ನೆಲ ನೋಡುತ್ತಾ ನಿಂತಿದ್ದರು.

"ಸಾರ್, ಸೀರೆ ಸಾರ್, ಸೀರೆ ಕೆಲಸ" ಎಂದು ಅವನು ಹೇಳುತ್ತಲೇ ಇದ್ದ. ಗಾಬರಿಗೆ ಕನ್ನಡ ಜಾರಿ ತಮಿಳಿಗೆ ಬಿದ್ದ. ಆಗ ಕಪಾಳಕ್ಕೆ ಹೊಡೆದರು. ಅವನ ಹೆಂಡತಿ ಜೀಪಿನ ಬಾಗಿಲು ಹಿಡಿದುಕೊಂಡಳು. ಒಬ್ಬ ಅವಳ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದ. ಬೀದಿಯವರೆಲ್ಲ ಬಾಗಿಲಲ್ಲಿ ನಿಂತಿದ್ದರು. ಯಾರೋ "ನೋಡ್ದಾ, ನಮ್ ಮಧ್ಯಾನೇ ಇದ್ದ" ಎಂದದ್ದು ಕೇಳಿಸಿತು. ಅಪ್ಪ ಒಳಗೆ ಹೋಗಿ ಕದ ಹಾಕಿಕೊಂಡರು.

ಮಾರನೆಯ ದಿನದಿಂದ ಅವಳಿಗೆ ನಮ್ಮ ಬೀದಿಯ ಅಂಗಡಿಯವ ಸಕ್ಕರೆ ಕೊಡಲಿಲ್ಲ. ನಲ್ಲಿಯ ಸಾಲಿನಲ್ಲಿ ಅವಳ ಕೊಡವನ್ನು ಹಿಂದಕ್ಕೆ ತಳ್ಳಿದರು. ಟಾಡಾ ಕಾಯ್ದೆ ಹಾಕುತ್ತಾರಂತೆ, ಹಾಕಿದರೆ ವರ್ಷಗಟ್ಟಲೆ ಜಾಮೀನಿಲ್ಲವಂತೆ, ಪೊಲೀಸರ ಮುಂದೆ ಒಪ್ಪಿಕೊಂಡದ್ದೇ ಸಾಕ್ಷಿಯಂತೆ ಎಂದು ಕಟ್ಟೆಯ ಮೇಲೆ ಕೂತವರು ಕಾನೂನು ಬಿಡಿಸಿ ಹೇಳುತ್ತಿದ್ದರು. ಎಲ್ಲೋ ಗಡಿಯಲ್ಲಿ ಬಂದೂಕು ಹಿಡಿದವರಿಗಾಗಿ ದಿಲ್ಲಿಯಲ್ಲಿ ಬರೆದ ಕಾನೂನು ಅದು. ಬಂದೂಕಿನವನು ಸಿಕ್ಕದಿದ್ದಾಗ ಅದು ಮನೆ ಮಾಲೀಕನ ಕೋಪವನ್ನೇ ಸಾಕ್ಷಿಯೆಂದು ಎತ್ತಿಕೊಳ್ಳುತ್ತಿತ್ತು. ನಮ್ಮಂಥವರ ಕೈಗೆ ಒಂದು ಖಾಲಿ ಕಾಲಂ ಕೊಟ್ಟು, ಬರೆದದ್ದನ್ನು ಪರೀಕ್ಷಿಸದೆ ನಂಬಿದವರ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ. ಬರೆದ ನಮ್ಮ ಮೇಲೆ ಅದಕ್ಕಿಂತ ಹೆಚ್ಚು.

ಐದನೇ ದಿನ ಅಪ್ಪನೇ ಠಾಣೆಗೆ ಹೋಗಿ ಬಂದರು. ಮುಖ ಬೂದಿಯಂತಿತ್ತು.

"ಅವ್ನು ಅಂಥೋನಲ್ಲ ಸ್ವಾಮಿ ಅಂದೆ. ಹಂಗಾದ್ರೆ ಸುಳ್ಳು ಬರ್ಕೊಟ್ಯಾ, ನಿನ್ನೂ ಒಳಗ್ ಹಾಕ್ತೀನಿ ಅಂದ್ರು. ವಾಪಸ್ ಬಂದ್ಬಿಟ್ಟೆ. ಇನ್ ನಮ್ ಕೈಲಿಲ್ಲ, ಬಿಡು."

ನಾನು ಬಿಡಲಿಲ್ಲ. ಹಂಸದ ಅಂಚಿನ ಒಂದು ಸೀರೆ, ಅದರ ಕಾರ್ಡಿನ ಕಟ್ಟು ಎರಡನ್ನೂ ಚೀಲದಲ್ಲಿಟ್ಟುಕೊಂಡು ಬೆಂಗಳೂರಿಗೆ ಬಸ್ಸು ಹತ್ತಿದೆ. ಅವನನ್ನು ಇಟ್ಟಿರುವ ಕಚೇರಿ ಯಾವುದೆಂದು ಆ ಪೇದೆಯೇ ಗುಟ್ಟಾಗಿ ಹೇಳಿದ್ದರು. ಎರಡು ದಿನ ಗೇಟಿನಲ್ಲೇ ತಡೆದರು. ಮೂರನೇ ದಿನ ಒಬ್ಬ ಅಧಿಕಾರಿ ಒಳಗೆ ಕರೆದರು. ಕನ್ನಡ ಬಲ್ಲವರು, ದನಿ ಎತ್ತರಿಸದವರು. ನಾನು ಮೇಜಿನ ಮೇಲೆ ಸೀರೆ ಹರಡಿ ಪಕ್ಕದಲ್ಲಿ ಕಾರ್ಡುಗಳನ್ನು ಜೋಡಿಸಿದೆ.

"ಸರ್, ಇದು ಹಂಸದ ಕಾಲು. ಈ ಆರು ಕಾರ್ಡು ಸೇರಿದ್ರೆ ಈ ಕಾಲು. ನೀವು ತಗೊಂಡು ಬಂದಿರೋದೆಲ್ಲ ಇಂಥಾದ್ದೇ."

ಅವರು ಬಗ್ಗಿ ನೋಡಿದರು. ಅರ್ಥವಾಯಿತೆಂದು ಕಣ್ಣಿನಲ್ಲೇ ಕಂಡಿತು. ಡ್ರಾಯರಿನಿಂದ ಒಂದು ಹಾಳೆ ತೆಗೆದು ನನ್ನ ಕಡೆ ತಿರುಗಿಸಿದರು. ನಾನು ಟೈಪ್ ಮಾಡಿದ್ದೇ.

"ಇದನ್ನ ಹೊಡೆದಿದ್ದು ಯಾರಮ್ಮಾ?"

"ನಾನೇ."

"ಗುಪ್ತವಾಗಿ ಅಂತಿದೆ. ಅವತ್ತು ಸುಳ್ಳೋ, ಇವತ್ತು ಸುಳ್ಳೋ?"

"ಅವತ್ತು."

"ಸರಿ. ಅದನ್ನೇ ಬರೆದು ಸಹಿ ಹಾಕಿ ಕೊಡಿ. ಬೇಕಂತಲೇ ಸುಳ್ಳು ಮಾಹಿತಿ ಕೊಟ್ವಿ ಅಂತ. ನಿಮ್ಮ ತಂದೆ ಮೇಲೆ, ನಿಮ್ಮ ಮೇಲೆ ಕೇಸಾಗುತ್ತೆ. ಇವನ ವಿಷಯ ಆಮೇಲೆ ನೋಡ್ತೀನಿ."

ಬಿಳಿ ಹಾಳೆ, ಪೆನ್ನು ಎರಡನ್ನೂ ನನ್ನ ಮುಂದಿಟ್ಟು ಅವರು ಬೇರೆ ಕಡತ ನೋಡತೊಡಗಿದರು. ನಾನು ಪೆನ್ನು ಹಿಡಿದೆ. ದಿನಾಂಕ ಬರೆದೆ. 'ಇವರಿಗೆ' ಎಂದು ಬರೆದೆ. ಆಮೇಲೆ ಕೈ ಓಡಲಿಲ್ಲ. ಅಪ್ಪನನ್ನು ಜೀಪಿಗೆ ಹತ್ತಿಸುವುದು ಕಂಡಿತು, ನನ್ನನ್ನೂ ಹತ್ತಿಸುವುದು ಅದಕ್ಕಿಂತ ಸ್ಪಷ್ಟವಾಗಿ ಕಂಡಿತು. ಒಳಗೆಲ್ಲೋ ಯಾರೋ ಕೆಮ್ಮಿದರು. ಅವನದೇ ಕೆಮ್ಮು ಇರಬಹುದೆಂದು ಅನ್ನಿಸಿಯೂ ನಾನು ಪೆನ್ನು ಕೆಳಗಿಟ್ಟೆ. ಅಧಿಕಾರಿ ತಲೆ ಎತ್ತಿ, ಆ ಹಾಳೆಯನ್ನು ಮಡಿಸಿ ಕಸದ ಬುಟ್ಟಿಗೆ ಹಾಕಿ, "ಹೋಗಿ ಬನ್ನಿ" ಎಂದರು. ಬೈದಿದ್ದರೆ ವಾಸಿಯಿತ್ತು.

ಅವನು ಬಿಡುಗಡೆಯಾದದ್ದು ನನ್ನಿಂದಲೂ ಅಲ್ಲ, ನ್ಯಾಯದಿಂದಲೂ ಅಲ್ಲ. ಹುಡುಕುತ್ತಿದ್ದವರು ಬೆಂಗಳೂರಿನ ದಕ್ಷಿಣದ ಅಂಚಿನ ಒಂದು ಮನೆಯಲ್ಲಿದ್ದಾರೆಂದು ಗೊತ್ತಾಗಿ, ಪೊಲೀಸರು ಸುತ್ತುವರಿದು, ಒಳಗಿದ್ದವರು ಸತ್ತರು. ಅದಾದ ಮೇಲೆ ಇಂಥ ಸಣ್ಣಪುಟ್ಟವರು ಯಾರಿಗೂ ಬೇಕಾಗಲಿಲ್ಲ. ಹದಿನೇಳನೇ ದಿನ ಅವನನ್ನು ಯಲಹಂಕದಲ್ಲಿ ಇಳಿಸಿಹೋದರು. ಹಿಡಿದದ್ದಕ್ಕೂ ಕಾಗದವಿಲ್ಲ, ಬಿಟ್ಟದ್ದಕ್ಕೂ ಇಲ್ಲ. ಬಲಗೈಯ ಎರಡು ಬೆರಳು ಊದಿ ಸೊಟ್ಟಗಾಗಿದ್ದವು. ಮುಂದೆ ಅವನ್ನು ಮಡಿಚಲು ಬರಲೇ ಇಲ್ಲ.

ಮರುದಿನವೇ ಅವರು ಸಾಮಾನು ಕಟ್ಟಿದರು. ನಾನು ಒಂದು ಡಬ್ಬಿಯಲ್ಲಿ ಚಪಾತಿ ತೆಗೆದುಕೊಂಡು ಹಿತ್ತಿಲಿಗೆ ಹೋದೆ. ಅವಳು ಡಬ್ಬಿ ಮುಟ್ಟಲಿಲ್ಲ.

"ಸೀರೆ ತೋರ್ಸಿದ್ರಂತೆ" ಎಂದಳು. ಅಕ್ಕಾ ಎನ್ನಲಿಲ್ಲ.

"ಹೂಂ."

"ಬರೀಲಿಲ್ವಂತೆ."

ಯಾರು ಹೇಳಿದರೋ, ಪೇದೆಯೋ, ಆ ಅಧಿಕಾರಿಯೇ ಅವನಿಗೆ ಹೇಳಿದರೋ.

"ನಿಮ್ಮಪ್ಪ ನಮಗೆ ಆಗದವರು. ಅವರು ಮಾಡಿದ್ದು ಸರಿ, ಆಗದವರು ಹಾಗೇ ಮಾಡ್ತಾರೆ. ನೀವು ಯಾರು?"

ಕನ್ನಡ ಎಷ್ಟು ಚೆನ್ನಾಗಿ ಕಲಿತಿದ್ದಳು.

ಆ ಡಿಸೆಂಬರಿನಲ್ಲಿ ಕಾವೇರಿ ಗಲಾಟೆ ಎದ್ದು ಬೆಂಗಳೂರಿನಲ್ಲಿ ತಮಿಳರ ಮನೆಗಳಿಗೆ ಬೆಂಕಿ ಬಿತ್ತು. ಅಪ್ಪ ಪತ್ರಿಕೆ ಓದಿ ಮಡಿಸಿ, "ಆಗ್ಲೇ ಹೋಗಿದ್ದು ಒಳ್ಳೇದಾಯ್ತು. ಒಂಥರಾ ನಾನೇ ಉಳಿಸ್ದಂಗಾಯ್ತು" ಎಂದರು. ನಾನು ತಟ್ಟೆ ನೂಕಿ ಎದ್ದೆ. ಅವನನ್ನು ಹಿಡಿದ ದಿನದಿಂದ ಗಂಟಲಲ್ಲಿದ್ದದ್ದನ್ನೆಲ್ಲ ಕಕ್ಕಿದೆ. ಕೇಳಿಸಿಕೊಂಡು ಅವರು ಹೇಳಿದ್ದಿಷ್ಟೇ: "ನಾನ್ ಹೇಳ್ದೆ, ನೀನ್ ಹೊಡ್ದೆ. ಒಂದ್ ಮಾತು ಜಾಸ್ತೀನೇ ಹೊಡ್ದೆ. ಈಗ ನನ್ ಒಬ್ನ್ ತಲೆಗೆ ಕಟ್ಬೇಡ."

ಯುಗಾದಿಯ ಹೊತ್ತಿಗೆ ನಾನು ದಾಬಸ್‌ಪೇಟೆಯ ಒಂದು ಕಾರ್ಖಾನೆಯ ಆಫೀಸಿನಲ್ಲಿ ಕೆಲಸ ಹಿಡಿದು ಅಲ್ಲೇ ಕೋಣೆ ಮಾಡಿದೆ. ಹಬ್ಬಕ್ಕೆ ಮನೆಗೆ ಹೋದಾಗ ಅಪ್ಪನೂ ನಾನೂ ಮಗ್ಗದ ಸದ್ದಿನ ಮರೆಯಲ್ಲಿ ಮಾತಿಲ್ಲದೆ ಉಣ್ಣುತ್ತಿದ್ದೆವು. ಅವರು ಸಾಯುವತನಕ ಹಾಗೇ ನಡೆಯಿತು.

ಕೆಲವು ವರ್ಷಗಳಾದ ಮೇಲೆ ಆ ಟಾಡಾ ಕಾನೂನಿನ ಅವಧಿ ಮುಗಿಯಿತೆಂದು, ಮುಂದುವರಿಸಲಿಲ್ಲವೆಂದು ಪತ್ರಿಕೆಯಲ್ಲಿ ಓದಿದೆ. ಹಿಡಿದವರಲ್ಲಿ ಅಪರಾಧ ಸಾಬೀತಾದವರು ತೀರಾ ಕಡಿಮೆಯೆಂದೂ ಬರೆದಿದ್ದರು. ಅದೇ ವಾರ ರಜೆ ಹಾಕಿ ಆರಣಿಗೆ ಹೋದೆ. ನೇಕಾರರ ಬೀದಿಯಲ್ಲಿ ವಿಚಾರಿಸಿ ಮನೆ ಹುಡುಕಿದೆ. ಅವನು ಜಗುಲಿಯ ಮೇಲೆ ಕೂತು ಎಡಗೈಯಲ್ಲಿ ಚುಕ್ಕೆ ಇಡುತ್ತಿದ್ದ. ಅವಳು ಒಳಗೆ ಕಾರ್ಡ್ ಹೊಡೆಯುತ್ತಿದ್ದಳು, ಸುತ್ತಿಗೆಯ ಸದ್ದು ಕೇಳುತ್ತಿತ್ತು. ನನ್ನನ್ನು ಗುರುತಿಸಿ ಅವನು ಏಳಲಿಲ್ಲ.

"ಯಾಕೆ ಬಂದ್ರಿ?"

"ತಪ್ಪಾಯ್ತು ಅಂತ ಹೇಳೋಕೆ."

"ಅಲ್ಲಿ ಹೇಳ್ಬೇಕಾಗಿತ್ತು. ಇಲ್ಲಿ ಯಾರ್ಗೆ ಬೇಕು?" ಎಂದು ಮತ್ತೆ ಹಾಳೆಗೆ ಬಗ್ಗಿದ. ಒಳಗಿನ ಸುತ್ತಿಗೆ ಒಂದು ಕ್ಷಣ ನಿಂತಿತು. ಅವಳು ಹೊಸಿಲಿಗೆ ಬಂದು ನನ್ನನ್ನು ನೋಡಿ ಒಳಗೆ ಹೋದಳು. ಸದ್ದು ಮತ್ತೆ ಶುರುವಾಯಿತು.

ಬಸ್ಸಿನಲ್ಲಿ ವಾಪಸಾಗುವಾಗ ನನಗೆ ಅಳು ಬರಲಿಲ್ಲ, ಸಿಟ್ಟು ಬಂತು. ಅಷ್ಟು ದೂರದಿಂದ ಬಂದವಳಿಗೆ ಒಂದು ಲೋಟ ನೀರು ಕೊಡಲಿಲ್ಲವಲ್ಲ ಎಂದು, ಅವರ ಮೇಲೇ ಸಿಟ್ಟು. ವೇಲೂರು ದಾಟುವತನಕ ಮನಸ್ಸಿನಲ್ಲೇ ಅವರೊಂದಿಗೆ ಜಗಳವಾಡಿದೆ, ನನ್ನ ಪರವಾಗಿ ವಾದ ಹೂಡಿದೆ. ಆ ಸಿಟ್ಟು ಇಳಿಯಲು ಬಹಳ ದಿನ ಬೇಕಾಯಿತು. ಇಳಿದ ಮೇಲೆ, ನೀರು ಕೇಳುವ ಹಕ್ಕು ನನಗಿದೆ ಎಂದು ಹೇಗೆ ಅಂದುಕೊಂಡೆನೋ ಎಂದು ನಾಚಿಕೆಯಾಯಿತು. ಅವರ ಮನೆಗೆ ಮತ್ತೆ ಹೋಗಲಿಲ್ಲ.